ಯುಡಿಆರ್ ಫೈಲನ್ನು ನ್ಯಾಯಾಲಯದ ಮುಂದೆ ತರುವುದು ಹೇಗೆ?

ತೊಗರಿ ಹೊಲದ ಬಾವಿಯಲ್ಲಿ ಶವ ತೇಲಿದಾಗ, ಜಂತಿಗೆ ನೇಣು ಬಿಗಿದ ಸ್ಥಿತಿಯಲ್ಲಿ ಸಿಕ್ಕಾಗ ಠಾಣೆಯಲ್ಲಿ ಸಾಮಾನ್ಯವಾಗಿ ಮೊದಲು ದಾಖಲಾಗುವುದು ಯುಡಿಆರ್, ಅಂದರೆ ಅಸ್ವಾಭಾವಿಕ ಮರಣ ವರದಿ. 2024ರ ಜುಲೈ 1ರಿಂದ ಇದಕ್ಕೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ, ಅಂದರೆ ಬಿಎನ್‌ಎಸ್‌ಎಸ್‌ನ 194ನೇ ಕಲಂ ಅನ್ವಯ. ಹಿಂದೆ ದಂಡ ಪ್ರಕ್ರಿಯಾ ಸಂಹಿತೆಯ, ಅಂದರೆ ಸಿಆರ್‌ಪಿಸಿಯ 174 ಇತ್ತು. ಈ ವರದಿ 24 ಗಂಟೆಯೊಳಗೆ ಜಿಲ್ಲಾಧಿಕಾರಿ ಅಥವಾ ಉಪವಿಭಾಗಾಧಿಕಾರಿಗೆ ಹೋಗುತ್ತದೆ. ನ್ಯಾಯಾಧೀಶರ ಕಣ್ಣಿಗೆ ತಾನಾಗಿ ಬೀಳುವುದಿಲ್ಲ. ಅಲ್ಲಿಗೆ ಒಯ್ಯಬೇಕಾದವರು ಮನೆಯವರೇ.

ಎಷ್ಟೋ ಪ್ರಕರಣ ಮೊದಲ ಫಿರ್ಯಾದಿಯಲ್ಲೇ ಸೋಲುತ್ತದೆ. "ಮರಣದಲ್ಲಿ ಯಾರ ಮೇಲೂ ಯಾವುದೇ ಸಂಶಯ ಇರುವುದಿಲ್ಲ, ವಗೈರೆ" ಎಂಬ ಸಾಲು ಕೊನೆಗೆ ಸೇರಿರುತ್ತದೆ. ಅಳುತ್ತ ಕುಳಿತ ತಂದೆ ಹೆಬ್ಬೆಟ್ಟು ಒತ್ತಿಬಿಡುತ್ತಾನೆ. ಮುಂದೆ ಪ್ರತಿ ಹಂತದಲ್ಲೂ ಆ ಸಾಲೇ ಅಡ್ಡ ಬರುತ್ತದೆ. ಸಹಿಗೆ ಮೊದಲು ಪೂರ್ತಿ ಓದಿಸಿ ಕೇಳಿ. ಸಂಶಯವಿದ್ದರೆ ಕಾರಣ ಸಮೇತ ಬರೆಸಿ: ಕೊನೆಯ ಫೋನ್ ಯಾರದು, ಯಾರ ಜೊತೆ ಹೊರಟಿದ್ದ, ಮೈಮೇಲೆ ಯಾವ ಗಾಯ ಕಂಡಿರಿ.

ಶವ ಪಂಚನಾಮೆ ಊರಿನ ಕನಿಷ್ಠ ಇಬ್ಬರು ಪಂಚರ ಸಮಕ್ಷಮ ಆಗಬೇಕು. ನೇಣಾದರೆ ಗಂಟು ಬಿಚ್ಚಬಾರದು. ಗಂಟಿನಿಂದ ದೂರದಲ್ಲಿ ಹಗ್ಗ ಕತ್ತರಿಸಿ ಜಪ್ತಿ ಮಾಡಬೇಕು. ಕುತ್ತಿಗೆಯ ಗುರುತು ಓರೆಯಾಗಿ ಕಿವಿಯ ಹಿಂದಕ್ಕೆ ಏರಿದ್ದರೆ ಅದು ಸಾಮಾನ್ಯವಾಗಿ ನೇಣಿನದು. ಅಡ್ಡಲಾಗಿ ಸುತ್ತಲೂ ಇದ್ದರೆ ಬಿಗಿದು ಕೊಂದಿರುವ ಶಂಕೆ ಏಳುತ್ತದೆ. ಬಾವಿಯಾದರೆ ಚಪ್ಪಲಿ ಎಲ್ಲಿತ್ತು, ನೀರು ಎಷ್ಟು ಆಳ, ಮೂಗು ಬಾಯಲ್ಲಿ ನೊರೆ ಇತ್ತೇ ಎಂಬುದು ಬರಬೇಕು. ಪಂಚರು ಖಾಲಿ ಹಾಳೆಗೆ ಸಹಿ ಮಾಡಲೇಬಾರದು. ಮದುವೆಯಾಗಿ 7 ವರ್ಷ ತುಂಬದ ಹೆಣ್ಣುಮಗಳ ಸಂಶಯಾಸ್ಪದ ಸಾವಾದರೆ 196ನೇ ಕಲಂ ಪ್ರಕಾರ ಮ್ಯಾಜಿಸ್ಟ್ರೇಟ್ ವಿಚಾರಣೆ ಬೇಕು. ಕಸ್ಟಡಿ ಸಾವಿಗೆ ನ್ಯಾಯಿಕ ಮ್ಯಾಜಿಸ್ಟ್ರೇಟರೇ ವಿಚಾರಣೆ ನಡೆಸಬೇಕು.

ವಿಷದ ಶಂಕೆ ಇದ್ದರೆ ಮರಣೋತ್ತರ ಪರೀಕ್ಷೆಯಲ್ಲಿ ಜಠರ, ಸಣ್ಣ ಕರುಳು, ಯಕೃತ್ತು, ಮೂತ್ರಪಿಂಡದ ಭಾಗಗಳನ್ನು ಗಟ್ಟಿ ಉಪ್ಪು ದ್ರಾವಣದಲ್ಲಿ ಇಡುತ್ತಾರೆ, ರಕ್ತವನ್ನು ಬೇರೆಯಾಗಿ. ಫಾರ್ಮಾಲಿನ್‌ನಲ್ಲಿಟ್ಟರೆ ವಿಷ ಪತ್ತೆ ಹದಗೆಡುತ್ತದೆ. ಸೀಲಾದ ಬಾಟಲಿ ಠಾಣೆಯಲ್ಲೇ ಕುಳಿತರೆ ವೈದ್ಯರ ಅಂತಿಮ ಅಭಿಪ್ರಾಯವೂ ಕೂರುತ್ತದೆ. ಕಲಬುರಗಿಯ ಪ್ರಾದೇಶಿಕ ವಿಧಿವಿಜ್ಞಾನ ಪ್ರಯೋಗಾಲಯಕ್ಕೆ ಯಾವ ತಾರೀಖು ಕಳಿಸಿದರು ಎಂದು ಲಿಖಿತವಾಗಿ ಕೇಳಿ. ಸಂಶಯವಿದ್ದಲ್ಲಿ ಸುಡಬೇಡಿ. ಮಣ್ಣು ಮಾಡಿದ್ದರೆ ಮ್ಯಾಜಿಸ್ಟ್ರೇಟ್ ಆದೇಶದ ಮೇಲೆ ಶವ ಹೊರತೆಗೆದು ಪರೀಕ್ಷಿಸಬಹುದು.

ಕೊಲೆ ಅಥವಾ ಆತ್ಮಹತ್ಯೆಗೆ ಪ್ರಚೋದನೆಯ ಸುಳಿವಿದ್ದರೆ ಎಫ್‌ಐಆರ್ ದಾಖಲಿಸಲೇಬೇಕು. ಸುಪ್ರೀಂ ಕೋರ್ಟ್ 2013ರ ಲಲಿತಾ ಕುಮಾರಿ ತೀರ್ಪಿನಲ್ಲಿ ಇದನ್ನು ಸ್ಪಷ್ಟಪಡಿಸಿದೆ. ಠಾಣೆಯಲ್ಲಿ ಒಪ್ಪದಿದ್ದರೆ ದೂರನ್ನು ಸ್ಪೀಡ್ ಪೋಸ್ಟ್‌ನಲ್ಲಿ ಎಸ್‌ಪಿಗೆ, ಕಲಬುರಗಿ ನಗರದೊಳಗಾದರೆ ಪೊಲೀಸ್ ಕಮಿಷನರಿಗೆ ಕಳಿಸಿ, ರಸೀದಿ ಇಟ್ಟುಕೊಳ್ಳಿ. ಆಮೇಲೆ ಜೆಎಂಎಫ್‌ಸಿ (ಪ್ರಥಮ ದರ್ಜೆ ನ್ಯಾಯಿಕ ಮ್ಯಾಜಿಸ್ಟ್ರೇಟ್) ನ್ಯಾಯಾಲಯಕ್ಕೆ ಬಿಎನ್‌ಎಸ್‌ಎಸ್ 175(3)ರಡಿ ಅರ್ಜಿ. ಇದರ ಜೊತೆ ಪ್ರಮಾಣಪತ್ರ (ಅಫಿಡವಿಟ್) ಕಡ್ಡಾಯ. ಅದಿಲ್ಲದ, ಎಸ್‌ಪಿಗೆ ಬರೆಯದೆ ನೇರ ಬಂದ ಅರ್ಜಿಗಳು ಬಾಗಿಲಲ್ಲೇ ಬೀಳುತ್ತವೆ. ಮ್ಯಾಜಿಸ್ಟ್ರೇಟ್ ಪೊಲೀಸರ ವಾದವನ್ನೂ ಕೇಳಿಯೇ ಆದೇಶ ಮಾಡುತ್ತಾರೆ. ಸಿಸಿಟಿವಿ ದೃಶ್ಯ ಕೆಲವೇ ದಿನಗಳಲ್ಲಿ ಅಳಿಯುತ್ತದೆ, ಆದ್ದರಿಂದ ಅದನ್ನೂ ಕಾಲ್ ದಾಖಲೆಯನ್ನೂ ಕಾಪಾಡಿಡುವಂತೆ ಅದೇ ಅರ್ಜಿಯಲ್ಲಿ ಕೇಳಿ.

ಎಫ್‌ಐಆರ್ ಆದಮೇಲೂ ತನಿಖೆ ಸರಿಯಾಗಿ ನಡೆಯುತ್ತಿದೆಯೇ ಎಂದು ನೋಡುವ ಅಧಿಕಾರ ಮ್ಯಾಜಿಸ್ಟ್ರೇಟರಿಗಿದೆ. ಸಕಿರಿ ವಾಸು ಪ್ರಕರಣದಲ್ಲಿ 2008ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ಪ್ರಗತಿಯನ್ನು 90 ದಿನದೊಳಗೆ ಪೊಲೀಸರು ನಿಮಗೆ ತಿಳಿಸಬೇಕು. ಪ್ರಕರಣ ಮುಗಿಸಲು ಕೋರುವ ಅಂತಿಮ ವರದಿ, ಅಂದರೆ ಬಿ ರಿಪೋರ್ಟ್ ಹಾಕಿದರೆ ಅದನ್ನು ಒಪ್ಪುವ ಮುನ್ನ ಫಿರ್ಯಾದಿಗೆ ನೋಟಿಸ್ ಕೊಟ್ಟು ಕೇಳಬೇಕೆಂಬುದು 1985ರ ಭಗವಂತ ಸಿಂಗ್ ತೀರ್ಪು. ವಿಳಾಸ ಬದಲಾಗಿ ನೋಟಿಸ್ ತಲುಪದಿದ್ದರೆ ಹಕ್ಕು ಕೈತಪ್ಪಬಹುದು, ಹಾಗಾಗಿ ಹೊಸ ವಿಳಾಸವನ್ನು ಠಾಣೆಗೂ ನ್ಯಾಯಾಲಯಕ್ಕೂ ಬರೆದುಕೊಡಿ. ತಕರಾರು ಅರ್ಜಿಯಲ್ಲಿ "ತನಿಖೆ ಸರಿಯಿಲ್ಲ" ಎಂದಷ್ಟೇ ಬರೆದರೆ ಸಾಲದು. ಯಾವ ಸಾಕ್ಷಿಯನ್ನು ಕೇಳಲಿಲ್ಲ, ಯಾವ ವಸ್ತು ಜಪ್ತಿಯಾಗಲಿಲ್ಲ, ಪಂಚನಾಮೆಗೂ ವೈದ್ಯರ ವರದಿಗೂ ಎಲ್ಲಿ ತಾಳೆ ಇಲ್ಲ ಎಂದು ಒಂದೊಂದಾಗಿ ಬರೆಯಿರಿ.

ಇಲ್ಲಿಯೂ ಆಗದಿದ್ದರೆ ಹೈಕೋರ್ಟಿನ ಕಲಬುರಗಿ ಪೀಠವಿದೆ; ಬೀದರ್, ಯಾದಗಿರಿಯವರು ಬೆಂಗಳೂರಿಗೆ ಹೋಗಬೇಕಿಲ್ಲ. ವಕೀಲರಿಗೆ ಹಣವಿಲ್ಲದವರು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಅರ್ಜಿ ಕೊಡಬಹುದು, ಸಹಾಯವಾಣಿ 15100. ಮಹಿಳೆಯರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಅಲ್ಲಿ ಆದಾಯದ ಮಿತಿ ನೋಡುವುದಿಲ್ಲ.