ಸಮೋವಾದ ಬೆಂಕಿ ಕತ್ತಿ ಕುಣಿತ: ನಾನು ಕಲಿತ ಬಗೆ

ಬೆಂಕಿ ಕತ್ತಿ ಕಲಿಯಬೇಕೆಂದು ಪೆಸಿಫಿಕ್ ಸಾಗರದ ದ್ವೀಪದೇಶ ಸಮೋವಾಕ್ಕೆ ಹೋಗುವ ಪ್ರವಾಸಿಯ ತಲೆಯಲ್ಲಿ ತುಂಬಿರುವುದು ಬೆಂಕಿಯೊಂದೇ. ನಾನು ಉಪೋಲು ದ್ವೀಪದಲ್ಲಿ ಕಲಿತದ್ದು ಆರು ವಾರ, ದಿನಕ್ಕೆ ಎರಡು ಗಂಟೆ, ಭಾನುವಾರ ಬಿಟ್ಟು. ಅದರಲ್ಲಿ ಕತ್ತಿಗೆ ಬೆಂಕಿ ಹಚ್ಚಿದ್ದು ಕೊನೆಯ ಹತ್ತು ದಿನ ಮಾತ್ರ. ಉಳಿದದ್ದೆಲ್ಲ ಮಣಿಕಟ್ಟಿನ ಕೆಲಸ. ಎರಡೇ ವಾರ ಕೈಯಲ್ಲಿದ್ದರೆ ಬರಿ ಕೋಲಿನಲ್ಲಿ ಎಂಟರ ಸುತ್ತು (ಅಂದರೆ 8ರ ಆಕಾರದಲ್ಲಿ ತಿರುಗಿಸುವುದು) ಮತ್ತು ಕೈ ಬದಲಾವಣೆ ಕಲಿತು ಬನ್ನಿ. ಅಷ್ಟು ಕಲಿತರೂ ಅದು ನಿಜವಾದ ಕಲಿಕೆಯೇ.

ಅಲ್ಲಿ ಇದಕ್ಕೆ ಸಿವಾ ಆಫಿ ಅನ್ನುತ್ತಾರೆ. ಸಿವಾ ಎಂದರೆ ಕುಣಿತ, ಆಫಿ ಎಂದರೆ ಬೆಂಕಿ. ಇದರ ಬೇರು ಇರುವುದು ಐಲಾವೊದಲ್ಲಿ, ಅಂದರೆ ಯೋಧರು ಆಯುಧವನ್ನು ಗಿರಗಿರ ತಿರುಗಿಸಿ ತಮ್ಮ ಕೈಚಳಕ ತೋರಿಸುತ್ತಿದ್ದ ವರಸೆಯಲ್ಲಿ. ತುದಿಯಲ್ಲಿ ಕೊಕ್ಕೆ ಇರುವ ಕತ್ತಿಗೆ ನಿಫೊ ಓಟಿ ಎಂದು ಹೆಸರು. ನಿಫೊ ಎಂದರೆ ಹಲ್ಲು. ಬೆಂಕಿ ಸೇರಿದ್ದು ತೀರ ಈಚೆಗೆ, 1946ರಲ್ಲಿ. ಅಮೆರಿಕನ್ ಸಮೋವಾದ ಫ್ರೆಡ್ಡಿ ಲೆತೂಲಿ ಸ್ಯಾನ್ ಫ್ರಾನ್ಸಿಸ್ಕೊದಲ್ಲಿ ಪ್ರದರ್ಶನಕ್ಕೆ ಅಭ್ಯಾಸ ಮಾಡುತ್ತಿದ್ದಾಗ ಪಕ್ಕದಲ್ಲಿ ಬೆಂಕಿ ನುಂಗುವ ಒಬ್ಬ ಹಿಂದೂ ಕಲಾವಿದನನ್ನೂ, ತುದಿಗೆ ಬಲ್ಬು ಕಟ್ಟಿದ ಕೋಲು ತಿರುಗಿಸುತ್ತಿದ್ದ ಪುಟ್ಟ ಹುಡುಗಿಯನ್ನೂ ನೋಡಿದರು. ಆ ಕಲಾವಿದನಿಂದ ಇಂಧನ ಪಡೆದು, ಕತ್ತಿಗೆ ಟವೆಲ್ ಸುತ್ತಿ ಹೊತ್ತಿಸಿದರು. ಬೆಂಕಿಯನ್ನು ಪಕ್ಕಕ್ಕಿಟ್ಟು ನೋಡಿದರೆ ಉಳಿಯುವುದು ಐಲಾವೊ, ಹಾಗಾಗಿ ಕಲಿಕೆ ಶುರುವಾಗಬೇಕಾದದ್ದೂ ಅಲ್ಲಿಂದಲೇ.

ಮೊದಲು ಕೋಲು. ಒಂದು ಇಂಚು ದಪ್ಪದ ಗಟ್ಟಿ ಮರದ ಕೋಲು ತೆಗೆದುಕೊಂಡೆ. ಉದ್ದಕ್ಕೆ ಲೆಕ್ಕ ಹೀಗೆ: ಕೋಲನ್ನು ನಡುವೆ ಹಿಡಿದು ಕೈಯನ್ನು ಪಕ್ಕಕ್ಕೆ ನೇರ ಚಾಚಿದಾಗ ಒಳಗಿನ ತುದಿ ಕಂಕುಳಿಗಿಂತ ನಾಲ್ಕು ಬೆರಳು ಮೊದಲೇ ನಿಲ್ಲಬೇಕು. ನನ್ನ ಕೈಗೆ ಅದು ಹೆಚ್ಚುಕಡಿಮೆ ಒಂದು ಮೀಟರ್. ಇದಕ್ಕಿಂತ ಉದ್ದವಾದರೆ ಪ್ರತಿ ಸುತ್ತಿಗೂ ತುದಿ ಪಕ್ಕೆಗೆ ಬಡಿಯುತ್ತದೆ, ಗಿಡ್ಡವಾದರೆ ಮುಂದೆ ಬೆಂಕಿ ಹಚ್ಚಿದಾಗ ಉರಿ ಕೈಗೆ ಹತ್ತಿರವಾಗುತ್ತದೆ. ಬರಿ ಕೋಲು ತೀರ ಹಗುರ, ಅದರ ಮೇಲೆ ಕಲಿತ ಕೈ ನಿಜವಾದ ಕತ್ತಿ ಹಿಡಿದಾಗ ತಬ್ಬಿಬ್ಬಾಗುತ್ತದೆ. ಅದಕ್ಕೇ ಎರಡೂ ತುದಿಗೆ ಹಳೆಯ ಬಟ್ಟೆಯನ್ನು ಬಿಗಿಯಾಗಿ ಸುತ್ತಿ ಕಟ್ಟಿದೆ. ಒಂದು ತುದಿಗೆ ಸ್ವಲ್ಪ ಹೆಚ್ಚು ಸುತ್ತಬೇಕು, ಏಕೆಂದರೆ ನಿಫೊ ಓಟಿಯಲ್ಲಿ ಅಲಗಿನ ಕಡೆಯೇ ಭಾರ. ನಂತರ ಕೋಲನ್ನು ತೋರುಬೆರಳ ಮೇಲೆ ಅಡ್ಡ ಇಟ್ಟು, ಅದು ಸಮನಾಗಿ ನಿಲ್ಲುವ ಜಾಗವನ್ನು ಗುರುತು ಮಾಡಬೇಕು. ಆ ಗುರುತು ಅಳತೆಯ ನಡುವಿನಲ್ಲಿ ಇರುವುದಿಲ್ಲ, ಅಲಗಿನ ಕಡೆಗೆ ಸರಿದಿರುತ್ತದೆ. ಹಿಡಿಯಬೇಕಾದ ಜಾಗ ಅದೇ. ಅಲ್ಲಿ ಅಂಗೈ ಅಗಲದ ಎರಡರಷ್ಟು ಹತ್ತಿಯ ಪಟ್ಟಿ ಸುತ್ತಿ, ಅಲಗಿನ ಕಡೆಯ ಅಂಚಿಗೆ ತೆಳ್ಳನೆಯ ಹುರಿಯಿಂದ ಒಂದು ಉಂಗುರ ಕಟ್ಟಿ. ಈ ಉಂಗುರದ ಬೆಲೆ ಕತ್ತಲಾದ ಮೇಲೆ ತಿಳಿಯುತ್ತದೆ.

ಎಂಟರ ಸುತ್ತು ಎಲ್ಲದಕ್ಕೂ ತಾಯಿ. ಹೆಬ್ಬೆರಳು ಅಲಗಿನ ಕಡೆ ಇರುವಂತೆ ಹಿಡಿದು, ಕೈಯನ್ನು ಹೊಕ್ಕುಳ ಎತ್ತರಕ್ಕೆ, ಮೈಯಿಂದ ಒಂದೂವರೆ ಗೇಣು ಮುಂದಿಡಬೇಕು. ಅಲಗಿನ ತುದಿ ಎಡ ಮೊಣಕಾಲಿನ ಹೊರಗಿನಿಂದ ಕೆಳಗಿಳಿದು, ಹಿಂದೆ ಹೋಗಿ ಮೇಲೆ ಬರುವಾಗ ಅಂಗೈ ನೆಲ ನೋಡುತ್ತಿರುತ್ತದೆ. ಅಲ್ಲಿಂದ ಮಣಿಕಟ್ಟು ಹೊರಳಿ ಅಂಗೈ ಆಕಾಶ ನೋಡುವಾಗ ಅದೇ ತುದಿ ಬಲ ಮೊಣಕಾಲಿನ ಹೊರಗೆ ಇಳಿಯಬೇಕು. ನಮ್ಮ ದೊಣ್ಣೆವರಸೆ ಆಡಿದವರಿಗೆ ಈ ಹೊರಳು ಹೊಸದೇನಲ್ಲ. ಆದರೆ ಅಲ್ಲಿ ಪೆಟ್ಟಿನ ಕೊನೆಯಲ್ಲಿ ಹಿಡಿತ ಬಿಗಿಯಾಗುತ್ತದೆ, ಇಲ್ಲಿ ಎಲ್ಲಿಯೂ ಬಿಗಿಯಾಗಬಾರದು. ಹೆಬ್ಬೆರಳು, ತೋರುಬೆರಳು ಸೇರಿ ಒಂದು ಉಂಗುರ. ಉಳಿದ ಮೂರು ಬೆರಳು ಕೋಲನ್ನು ತಟ್ಟಿ ಮುಂದಕ್ಕೆ ಕಳಿಸುತ್ತವೆ, ಅಷ್ಟೇ.

ಮೊದಲ ವಾರ ಎಲ್ಲರೂ ಮಾಡುವ ತಪ್ಪು ಮೊಣಕೈ ಆಡಿಸುವುದು. ಮೊಣಕೈ ಆಡಿದರೆ ಸುತ್ತಿನ ಪಾತಳಿ ಓರೆಯಾಗುತ್ತದೆ, ಕೋಲು ಮುಂದೋಳಿಗೆ ಬಡಿಯುತ್ತದೆ. ಇದಕ್ಕೆ ನಾನು ಮಾಡಿದ ಉಪಾಯ: ಕಂಕುಳಲ್ಲಿ ಮಡಿಸಿದ ಕರವಸ್ತ್ರ ಇಟ್ಟುಕೊಂಡು ಸುತ್ತು ಹಾಕುವುದು. ಕರವಸ್ತ್ರ ಬಿದ್ದರೆ ತೋಳು ಆಡಿದೆ ಎಂದರ್ಥ. ಎರಡನೆಯ ತಪ್ಪು ಬಿಗಿ ಹಿಡಿತ. ಹತ್ತು ನಿಮಿಷಕ್ಕೆ ಮುಂದೋಳು ಕಲ್ಲಿನಂತಾಗಿ, ಹೆಬ್ಬೆರಳ ಬುಡದಲ್ಲಿ ಗುಳ್ಳೆ ಏಳುತ್ತದೆ. ಗುಳ್ಳೆ ಒಡೆದ ಕೈಯಲ್ಲಿ ಅಭ್ಯಾಸ ಮುಂದುವರಿಸಬೇಡಿ, ಎಡಗೈಗೆ ಕೆಲಸ ಕೊಡಿ. ಹೇಗೂ ಎಡಗೈ ಹಿಂದೆ ಬಿದ್ದಿರುತ್ತದೆ. ಬಲಗೈಗೆ ನೂರು ಸುತ್ತಾದರೆ ಎಡಗೈಗೆ ನೂರೈವತ್ತು ಎಂಬ ಲೆಕ್ಕ ನನಗೆ ಒಗ್ಗಿತು.

ಅದಾದ ಮೇಲೆ ಬೆನ್ನ ಹಿಂದೆ ಕೈ ಬದಲಾವಣೆ, ತೊಡೆಯ ಕೆಳಗಿನಿಂದ ದಾಟಿಸುವುದು, ತಲೆಯ ಮೇಲೆ ಅಡ್ಡಸುತ್ತು, ಕೊನೆಗೆ ಎಸೆತ. ಎಸೆತದ ಗುಟ್ಟು ಎತ್ತರದಲ್ಲಿಲ್ಲ. ಕೋಲು ಕೈ ಬಿಡುವಾಗ ನೇರ ಮೇಲಕ್ಕೆ ಹೋಗಬೇಕು. ಮುಂದಕ್ಕೋ ಹಿಂದಕ್ಕೋ ಹೋದರೆ ಸುತ್ತು ಮುಗಿಸುವ ಗಳಿಗೆಯಲ್ಲಿ ಕೈ ಬೇಗನೋ ತಡವಾಗಿಯೋ ಬಿಟ್ಟಿದೆ. ಮೊದಲು ಒಂದೇ ಸುತ್ತಿನ ಎಸೆತ, ತಲೆಯ ಎತ್ತರದವರೆಗೆ ಮಾತ್ರ. ಕಣ್ಣು ತುದಿಗಳ ಹಿಂದೆ ಓಡಬಾರದು, ನಡುವಿನ ಬಿಳಿ ಪಟ್ಟಿಯ ಮೇಲೇ ನೆಟ್ಟಿರಬೇಕು. ತಪ್ಪಿದರೆ ಬಿಟ್ಟುಬಿಡಿ, ಕೈ ಚಾಚಿ ಬಾಚಿಕೊಳ್ಳಬೇಡಿ. ಬರಿ ಕೋಲಿನಲ್ಲಿ ಬಾಚಿಕೊಳ್ಳುವ ಚಾಳಿ ಬಿದ್ದರೆ ಮುಂದೆ ಅದೇ ಕೈ ಉರಿಯುವ ಬತ್ತಿಯನ್ನೋ ಕೊಕ್ಕೆಯನ್ನೋ ಹಿಡಿಯುತ್ತದೆ. ಬಿದ್ದ ಕೋಲಿನಿಂದ ಒಂದು ಹೆಜ್ಜೆ ಹಿಂದೆ ಸರಿಯುವುದನ್ನೂ ಪಾಠದಂತೆ ಅಭ್ಯಾಸ ಮಾಡಿದೆ.

ನನಗೆ ಕಲಿಸಿದ ಕಡೆ ಯಾರೂ ಹೆಜ್ಜೆ ಹೆಜ್ಜೆಯಾಗಿ ಬಿಡಿಸಿ ಹೇಳಲಿಲ್ಲ. ನೋಡು, ಮಾಡು, ಅಷ್ಟೇ ಪಾಠ. ಏಳೆಂಟು ವರ್ಷದ ಮಕ್ಕಳ ಹಿಂದೆ ನಿಂತು ಅವರ ಕೈ ನೋಡಿಯೇ ಹೆಚ್ಚು ಕಲಿತೆ. ಎದುರು ನಿಂತರೆ ಎಡ ಬಲ ಅದಲುಬದಲಾಗುತ್ತದೆ. ಊರಿನ ರೀತಿಗಳೂ ಕಲಿಕೆಯ ಭಾಗವೇ. ಊರ ನಡುವಿನ ಬಯಲು, ಮಲಾಯೆ, ಅಲ್ಲಿ ಅಭ್ಯಾಸ ಮಾಡಬೇಕಾದರೆ ಮತಾಯ್ ಅಂದರೆ ಕುಟುಂಬದ ಮುಖ್ಯಸ್ಥರ ಒಪ್ಪಿಗೆ ಬೇಕು, ಅದನ್ನು ಗುರುಗಳ ಮೂಲಕವೇ ಕೇಳಿಸಬೇಕು. ಸಂಜೆಯ ಪ್ರಾರ್ಥನೆಯ ಹೊತ್ತು, ಸಾ, ಶಂಖದ ಅಥವಾ ಗಂಟೆಯ ಸದ್ದಿನಿಂದ ಶುರುವಾಗುತ್ತದೆ. ಆಗ ಡೋಲು ನಿಲ್ಲಬೇಕು, ಊರೊಳಗೆ ಓಡಾಟವೂ ನಿಲ್ಲಬೇಕು. ಕುಳಿತವರ ಮುಂದೆ ದಾಟುವಾಗ ಬೆನ್ನು ಬಾಗಿಸಿ "ತುಲೌ" ಅನ್ನಬೇಕು. ಫಾಲೆಯೊಳಗೆ, ಅಂದರೆ ಗೋಡೆಯಿಲ್ಲದ ಅವರ ಮನೆಯೊಳಗೆ, ಚಕ್ಕಳಮಕ್ಕಳ ಹಾಕಿ ಕೂರಬೇಕು, ಯಾರ ಕಡೆಗೂ ಕಾಲು ಚಾಚಬಾರದು. ಇದು ನಮಗೆ ಹೇಳಿಸಿಕೊಳ್ಳಬೇಕಾದ ಮಾತಲ್ಲ.

ಬೆಂಕಿಗೆ ಮುಂಚೆ ಕತ್ತಲು. ಇದನ್ನು ಬಹಳ ಜನ ಬಿಟ್ಟುಬಿಡುತ್ತಾರೆ, ಪೆಟ್ಟು ತಿನ್ನುವುದೂ ಇಲ್ಲಿಯೇ. ಎರಡು ತುದಿ ಹೊತ್ತಿಕೊಂಡಾಗ ಕಣ್ಣಿಗೆ ಕಾಣುವುದು ಎರಡು ಬೆಂಕಿಯ ಉಂಡೆ ಮಾತ್ರ. ಅವುಗಳ ಬೆಳಕಿಗೆ ಕಣ್ಣು ಕೋರೈಸಿ ನಡುವಿನ ಹಿಡಿ ಮಾಯವಾಗುತ್ತದೆ, ಕೊಕ್ಕೆ ಯಾವ ಕಡೆ ಎಂಬುದೂ ತಿಳಿಯುವುದಿಲ್ಲ. ಆಗ ಆ ಹುರಿಯ ಉಂಗುರವೇ ದಾರಿ: ಹೆಬ್ಬೆರಳಿಗೆ ಅದು ತಾಗಿದರೆ ಅಲಗು ಮುಂದಿದೆ, ಕಿರುಬೆರಳಿಗೆ ತಾಗಿದರೆ ಕತ್ತಿ ತಿರುಗುಮುರುಗಾಗಿದೆ. ನಾಲ್ಕನೆಯ ವಾರವಿಡೀ ಕಣ್ಣಿಗೆ ಬಟ್ಟೆ ಕಟ್ಟಿಕೊಂಡು ಮಾಡಿದೆ. ಕಣ್ಣು ಮುಚ್ಚಿ ಐವತ್ತು ಎಂಟರ ಸುತ್ತು, ಇಪ್ಪತ್ತು ಕೈ ಬದಲಾವಣೆ, ಒಂದೂ ಬೀಳಿಸದೆ ಆದ ದಿನವೇ ಬತ್ತಿಯ ಮಾತು. ಎಸೆತ ಈ ಲೆಕ್ಕದಲ್ಲಿ ಇಲ್ಲ. ಬೆಂಕಿಯೊಡನೆ ಎಸೆಯುವುದು ಆರು ವಾರದ ಕೆಲಸವಲ್ಲ, ನಾನು ಎಸೆಯಲೂ ಇಲ್ಲ.

ಬತ್ತಿಗೆ ಎರಡು ದಾರಿ. ಹಳೆಯ ಪದ್ಧತಿ ಹತ್ತಿಯ ಟವೆಲನ್ನು ಸುತ್ತಿ ಉಕ್ಕಿನ ತಂತಿಯಿಂದ ಬಿಗಿಯುವುದು. ಸುಲಭ, ಆದರೆ ಇಂಧನ ತೀರಿದ ಕೂಡಲೇ ಬಟ್ಟೆಯೇ ಉರಿಯಲು ತೊಡಗಿ ಕೆಂಡದ ಚೂರು ಹಾರುತ್ತದೆ. ನಾನು ಎರಡು ಇಂಚು ಅಗಲದ ಕೆವ್ಲಾರ್, ಅಂದರೆ ಬಿಸಿಗೆ ನಿಲ್ಲುವ ಕೃತಕ ನಾರಿನ ಪಟ್ಟಿ ಬಳಸಿದೆ. ಅದನ್ನು ಎಳೆದೆಳೆದು ಸುತ್ತಿ, ಕೊನೆಯ ಅಂಚನ್ನು ಒಳಮಡಚಿ, ತಂತಿಯಿಂದ ಮೂರು ಕಡೆ ಕಟ್ಟಬೇಕು. ಹೊಲಿಗೆ ನೂಲು, ಅಂಟು ಎರಡೂ ಬೇಡ, ಬಿಸಿಗೆ ನಿಲ್ಲುವುದಿಲ್ಲ. ಕಲಿಯುವವರ ಕತ್ತಿಯ ಅಲಗಿನ ಅಂಚನ್ನೂ ಕೊಕ್ಕೆಯ ಮೊನೆಯನ್ನೂ ಉಜ್ಜಿ ಮೊಂಡಾಗಿಸಿರಬೇಕು.

ಇಂಧನವಾಗಿ ಕ್ಯಾಂಪಿಂಗ್ ಒಲೆಗೆ ಹಾಕುವ ವೈಟ್ ಗ್ಯಾಸ್ ಎಂಬ ದ್ರವ ಬಳಸಿದೆ. ತಟ್ಟನೆ ಹೊತ್ತಿಕೊಳ್ಳುತ್ತದೆ, ಹೊಗೆ ಕಡಿಮೆ. ಸೀಮೆಎಣ್ಣೆ ಹೊತ್ತಲು ನಿಧಾನ, ಹೊಗೆ ಹೆಚ್ಚು, ಮೈಗೆ ಬಿದ್ದರೆ ಬೇಗ ಆರುವುದಿಲ್ಲ. ಆದರೆ ಹೆಚ್ಚು ಹೊತ್ತು ಉರಿಯುತ್ತದೆ. ಬರಿ ಪೆಟ್ರೋಲ್ ಬೇಡವೇ ಬೇಡ. ವೈಟ್ ಗ್ಯಾಸಿನ ಆವಿ ಗಾಳಿಗಿಂತ ಭಾರ, ನೆಲದ ಮೇಲೆ ಹರಿದುಕೊಂಡು ಹೋಗುತ್ತದೆ. ಆದ್ದರಿಂದ ಮುಚ್ಚಳ ಹಾಕಿದ ಲೋಹದ ಡಬ್ಬವನ್ನು ಹೊತ್ತಿಸುವ ಜಾಗದಿಂದ ಹತ್ತು ದೊಡ್ಡ ಹೆಜ್ಜೆ ದೂರ, ಗಾಳಿ ಹೋಗುವ ದಿಕ್ಕಿನಲ್ಲಿ ಇಟ್ಟೆ. ಬತ್ತಿಯನ್ನು ಅದ್ದಿ, ಗುಳ್ಳೆ ಬರುವುದು ನಿಲ್ಲುವವರೆಗೆ ಕಾಯಬೇಕು. ತೆಗೆದು ಡಬ್ಬದ ಮೇಲೆಯೇ ಸೋರಲು ಬಿಟ್ಟು, ಜೋರಾಗಿ ನಾಲ್ಕು ಸಲ ಒದರಬೇಕು. ಒದರದೆ ಹಚ್ಚಿದರೆ ಮೊದಲ ಸುತ್ತಿಗೇ ಉರಿಯುವ ಹನಿಗಳು ಸುತ್ತ ಚಿಮ್ಮುತ್ತವೆ. ಅದಕ್ಕಿಂತ ಕೆಟ್ಟದ್ದು, ಇಂಧನ ಹಿಡಿಯವರೆಗೆ ಇಳಿದು ಕೈಯೇ ಹೊತ್ತಿಕೊಳ್ಳಬಹುದು. ಅದ್ದಿದ ಮೇಲೆ ಕೈ ತೊಳೆದು ಒರೆಸದೆ ಬೆಂಕಿ ಮುಟ್ಟಬಾರದು. ಕುಣಿತಕ್ಕೆ ಮೈಗೆ ತೆಂಗಿನೆಣ್ಣೆ ಹಚ್ಚುವ ರೂಢಿ ಅಲ್ಲಿದೆ. ಅಂಗೈಗೆ ಮಾತ್ರ ತಾಗದಂತೆ ನೋಡಿಕೊಳ್ಳಬೇಕು. ಬಟ್ಟೆ ಹತ್ತಿಯ ಲಾವಾಲಾವಾ, ಅಂದರೆ ಸೊಂಟಕ್ಕೆ ಸುತ್ತುವ ಪಂಚೆಯಂಥದ್ದು, ಗಿಡ್ಡವಾಗಿ ಬಿಗಿದು ಕಟ್ಟಿದ್ದು. ಪಾಲಿಯೆಸ್ಟರ್ ಕರಗಿ ಚರ್ಮಕ್ಕೆ ಅಂಟುತ್ತದೆ. ಕೂದಲಿಗೆ ಒದ್ದೆ ಹತ್ತಿ ಬಟ್ಟೆ.

ಹೊತ್ತಿದ ಮೇಲೆ ತಿಳಿಯುವ ಮೊದಲ ಸಂಗತಿ, ತಿರುಗುವ ಕತ್ತಿಗಿಂತ ನಿಂತ ಕತ್ತಿ ಅಪಾಯ. ವೇಗವಾಗಿ ಬೀಸುವಾಗ ಉರಿ ತುದಿಯ ಹಿಂದೆ ಬಾಲದಂತೆ ಎಳೆದುಕೊಂಡು ಹೋಗುತ್ತದೆ, ಭರ್ರನೆ ಸದ್ದು ಬರುತ್ತದೆ. ಹೆದರಿ ನಿಧಾನಿಸಿದರೆ ಅದೇ ಉರಿ ಮೇಲೆದ್ದು ಮುಖದ ಕಡೆ ಬರುತ್ತದೆ. ಕತ್ತಿಯನ್ನು ಲಂಬವಾಗಿ ನಿಲ್ಲಿಸಿದರಂತೂ ಕೆಳಗಿನ ಬತ್ತಿಯ ಉರಿ ಹಿಡಿಯ ಗುಂಟ ಏರಿ ನೇರ ಕೈಗೆ. ನಿಲ್ಲಿಸಲೇಬೇಕಾದಾಗ ಕತ್ತಿ ಅಡ್ಡ, ಕೈ ಪೂರ್ತಿ ಚಾಚಿ. ಪಾತೆ ಎಂಬ ಮರದ ಡೋಲಿನ ಬಡಿತ ತುಂಬ ಬಿರುಸು, ಕೈ ಅದರ ಹಿಂದೆ ಓಡಲು ನೋಡುತ್ತದೆ. ಮೊದಲ ಮೂರು ಸಲ ಡೋಲಿಲ್ಲದೆ ಎಂಟರ ಎಣಿಕೆಯಲ್ಲಿ ಮಾಡಿದ್ದು ಒಳ್ಳೆಯದಾಯಿತು.

ಅಂಗಾಲಿಗೆ ಉರಿ ಸೋಕಿಸುವುದು, ನಾಲಗೆಯ ಮೇಲೆ ಕಿಡಿ ಇಡುವುದು ಪ್ರೇಕ್ಷಕರಿಗೆ ಇಷ್ಟ. ನಾಲಗೆಯ ವರಸೆ ನಾನು ಕಲಿಯಲಿಲ್ಲ, ಪ್ರವಾಸಿಗೆ ಅದು ಬೇಡ. ಇಂಧನದ ಒಂದಿಷ್ಟು ಆವಿಯೋ ಹನಿಯೋ ಶ್ವಾಸಕೋಶಕ್ಕೆ ಇಳಿದರೂ ನ್ಯುಮೋನಿಯಾ ಬರಬಹುದು.

ಪಕ್ಕದಲ್ಲಿ ಒಬ್ಬರು ಹಿಂಡಿದ ಒದ್ದೆ ಹತ್ತಿ ಟವೆಲ್ ಹಿಡಿದು ನಿಂತಿರಬೇಕು. ಅವರು ಡೋಲು ಬಾರಿಸಬಾರದು, ಫೋಟೊ ತೆಗೆಯಬಾರದು, ನಿಮ್ಮನ್ನಷ್ಟೇ ನೋಡುತ್ತಿರಬೇಕು. ಸುಟ್ಟರೆ ಇಪ್ಪತ್ತು ನಿಮಿಷ ಹರಿಯುವ ತಣ್ಣೀರು. ಟೂತ್‌ಪೇಸ್ಟ್, ಶಾಯಿ, ಬೆಣ್ಣೆ ಯಾವುದೂ ಬೇಡ. ಗುಳ್ಳೆ ಎದ್ದರೆ ಆಸ್ಪತ್ರೆಗೆ ಹೋಗಿ.

ನನ್ನ ಬತ್ತಿ ಒಂದು ಸಲಕ್ಕೆ ಎರಡು ನಿಮಿಷ ಚೆನ್ನಾಗಿ ಉರಿಯುತ್ತಿತ್ತು. ಉರಿ ಗಿಡ್ಡವಾಗಿ, ಬತ್ತಿಯ ಅಂಚು ಕೆಂಪಗಾಗುವ ಮೊದಲೇ ನಿಲ್ಲಿಸಿ ಒದ್ದೆ ಟವೆಲಿನಿಂದ ಸುತ್ತಿ ಒತ್ತಬೇಕು. ಒಣಗಿ ಉರಿದರೆ ಕೆವ್ಲಾರ್ ಕರಕಲಾಗಿ ಉದುರುತ್ತದೆ. ಆರಿದ ಬತ್ತಿಯನ್ನು ಪೂರ್ತಿ ತಣಿಯದೆ ಮತ್ತೆ ಅದ್ದಬಾರದು, ಡಬ್ಬವೇ ಹೊತ್ತಿಕೊಳ್ಳಬಹುದು. ಕಾಲು ಗಂಟೆ ಬಿಟ್ಟು, ಅಂಗೈಯ ಹಿಂಭಾಗ ಹತ್ತಿರ ತಂದು ಬಿಸಿ ನೋಡಿ, ಆಮೇಲೆ ಎರಡನೆಯ ಸುತ್ತು. ಊರಿಗೆ ಹೊರಟಾಗ ಬತ್ತಿ ಬಿಚ್ಚಿ ಅಲ್ಲಿಯೇ ಕೊಟ್ಟುಬಂದೆ. ಇಂಧನದ ವಾಸನೆ ಇರುವ ಯಾವುದನ್ನೂ ವಿಮಾನಕ್ಕೆ ಹತ್ತಿಸುವುದಿಲ್ಲ. ಕತ್ತಿ ಚೆಕ್-ಇನ್ ಸಾಮಾನಿಗೆ ಹೋಯಿತು. ದಾರಿ ನ್ಯೂಜಿಲೆಂಡ್ ಮೇಲೆ ಹಾದು, ಅಲ್ಲಿ ಸಾಮಾನು ಕೈಗೆ ತೆಗೆದುಕೊಂಡು ಹೊರಗೆ ಬರುವುದಿದ್ದರೆ, ಮರದ ಹಿಡಿ ಇರುವುದನ್ನು ಆಗಮನದ ಫಾರಂನಲ್ಲಿ ತಪ್ಪದೆ ಬರೆಯಿರಿ.