ತಾಡಪತ್ರಿ ಮೇಲೆ ಇಟಲಿ ಏಕೀಕರಣ: ಸಾಲದ ಲೆಕ್ಕದಿಂದ ಪಾಠ ಕಟ್ಟಿದ ನನ್ನ ಅನುಭವ

ಪ್ರಥಮ ಪಿಯುಸಿಗೆ ಇಟಲಿ ಏಕೀಕರಣವನ್ನು ನಾನು ಈಗ ಮ್ಯಾಜಿನಿಯಿಂದ ಶುರು ಮಾಡುವುದಿಲ್ಲ, ಸಾಲದಿಂದ ಶುರು ಮಾಡುತ್ತೇನೆ. ಇಟಲಿಯನ್ನು ಒಟ್ಟುಗೂಡಿಸಿದ ವಾಯವ್ಯದ ರಾಜ್ಯ ಪೀಡ್‌ಮಾಂಟ್ ಯಾರ ಹತ್ತಿರ ಸಾಲ ತಂದಿತು, ಯಾತಕ್ಕೆ ತಂದಿತು, ಇಟಲಿ ಒಂದು ರಾಜ್ಯವಾದ 1861ರ ನಂತರ ಆ ಸಾಲ ಯಾರ ಯಾರ ತಲೆಗೆ ಬಂತು, ಇಷ್ಟು ತಿಳಿದರೆ ಉಳಿದದ್ದನ್ನು ಮಕ್ಕಳೇ ಬಿಡಿಸಿಕೊಳ್ಳುತ್ತಾರೆ. ಸ್ಟಾಫ್ ರೂಮಿನಲ್ಲಿ ಈ ಮಾತು ತೆಗೆದಾಗ ಯಾರೂ ಒಪ್ಪಲಿಲ್ಲ. "ಸರ, ಹತ್ತು ಮಾರ್ಕಿನ ಪ್ರಶ್ನೆ ಅದು. ಮ್ಯಾಜಿನಿ ಆತ್ಮ, ಕಾವೂರ್ ಮಿದುಳು, ಗ್ಯಾರಿಬಾಲ್ಡಿ ಖಡ್ಗ ಅಂತ ಬರೆಸ್ರಿ, ಪಾಸಾಗ್ತಾವ" ಎಂದರು ಹಿರಿಯರೊಬ್ಬರು. ಕಾಮರ್ಸ್‌ನವರು "ನಮ್ಮ ಸಬ್ಜೆಕ್ಟಿಗೆ ಯಾಕ್ ಬಂದ್ರಿ?" ಎಂದರು. ಈಗ ನಾನು ನಕ್ಷೆ ಬರೆದ ತಾಡಪತ್ರಿ ಪಕ್ಕದ ತಾಲ್ಲೂಕಿನ ಎರಡು ಕಾಲೇಜುಗಳಿಗೆ ಹೋಗಿ ಬಂದಿದೆ, ಒಯ್ದವರಲ್ಲಿ ಆ ಹಿರಿಯರೂ ಒಬ್ಬರು. ಇತಿಹಾಸ ಹೇಳುವವರು ತುಂಬ ಜನ ಕೇಳುತ್ತಿದ್ದಾರೆಂದು ಇದನ್ನು ಬರೆಯುತ್ತಿದ್ದೇನೆ. ವಿಯೆನ್ನಾ ಕಾಂಗ್ರೆಸ್, ಕಾರ್ಬೊನಾರಿ, ಯಂಗ್ ಇಟಲಿ ಎಲ್ಲ ನಿಮಗೆ ಗೊತ್ತಿರುವುದೇ, ಅವನ್ನು ಮುಟ್ಟುವುದಿಲ್ಲ.

ಮೊದಲು ನಕ್ಷೆಯ ಸಂಗತಿ, ಯಾಕೆಂದರೆ ದುಡ್ಡು ಹೋದದ್ದು ಅಲ್ಲೇ. ಶುರುವಿಗೆ ಥರ್ಮೋಕೋಲ್ ತಂದೆ. ಆರೇಳು ಶೀಟು, ಸ್ಪ್ರೇ ಪೇಂಟು ಸೇರಿ ಸಾವಿರದ ಹತ್ತಿರ ಆಯಿತು. ಪೇಂಟು ಥರ್ಮೋಕೋಲನ್ನು ತಿಂದುಹಾಕಿತು, ಟಸ್ಕನಿ ಇದ್ದ ಜಾಗದಲ್ಲಿ ತೂತು ಬಿತ್ತು. ಆಮೇಲೆ ಫ್ಲೆಕ್ಸ್. ಪ್ರಿಂಟು ಹಾಕಿದವರು ನಾನು ಕೊಟ್ಟ 1815ರ ಗಡಿಗಳನ್ನು ಬಿಟ್ಟು ಇವತ್ತಿನ ಇಟಲಿಯ ನಕ್ಷೆ ಹಾಕಿಕೊಟ್ಟರು. ಸಾವೊಯ್ ಇಲ್ಲ, ನೀಸ್ ಇಲ್ಲ, ಪಾರ್ಮಾ ಮೊಡೆನಾ ಗೆರೆಗಳೇ ಇಲ್ಲ. ಸಾವಿರದ ಏಳುನೂರು ರೂಪಾಯಿ ನೀರಿಗೆ ಹೋಯಿತು. ಮುಂದಿನ ವರ್ಷ ಅಂಗಳದಲ್ಲಿ ರಂಗೋಲಿ ಪುಡಿಯಿಂದ ಬಿಡಿಸಿದೆವು, ಖರ್ಚು ನೂರೂ ಆಗಲಿಲ್ಲ. ಆದರೆ ನಮ್ಮ ಕಡೆ ಆಷಾಢದ ಗಾಳಿ ಹೇಗೆ ಬೀಸುತ್ತದೆಂದು ಇಲ್ಲಿಯವರಿಗೆ ಹೇಳಬೇಕಿಲ್ಲ. ವೆನೀಷಿಯಾ ಮಧ್ಯಾಹ್ನದೊಳಗೆ ಅಳಿಸಿಹೋಗಿತ್ತು.

ಕಡೆಗೆ ಕೈಹಿಡಿದದ್ದು ಒಕ್ಕಣೆಗೆ ಹಾಸುವ ತಾಡಪತ್ರಿ. ಹದಿನೈದಡಿ ಉದ್ದದ್ದು, ಸುಮಾರು ಸಾವಿರದ ಮುನ್ನೂರು. ಬಣ್ಣಕ್ಕೆ ಎಂಟುನೂರು. ಮಡಚಿದರೆ ಮಡಿಕೆಯ ಮೇಲೆ ಬಣ್ಣ ಎದ್ದುಹೋಗುತ್ತದೆ, ಹಾಗಾಗಿ ಪಿವಿಸಿ ಪೈಪಿಗೆ ಸುತ್ತಿಯೇ ಇಡಬೇಕು. ಬಣ್ಣ ಹಿಡಿದು ನಿಲ್ಲಲು ಅದರಲ್ಲಿ ಏನು ಬೆರೆಸುತ್ತೇನೆಂಬುದನ್ನು ಇಲ್ಲಿ ಬರೆಯುವುದಿಲ್ಲ, ಎದುರಿಗೆ ಬಂದವರಿಗೆ ತೋರಿಸುತ್ತೇನೆ. ಮೂರು ವರ್ಷವಾಯಿತು, ನೂರಾರು ಕಾಲು ಓಡಾಡಿವೆ, ಅಪೆನೈನ್ ಪರ್ವತಸಾಲು ಮಾತ್ರ ಸ್ವಲ್ಪ ಸವೆದಿದೆ.

ಇನ್ನು ಪಾತ್ರಗಳು. ಹುಡುಗರಿಗೆ ವ್ಯಕ್ತಿಗಳ ಪಾತ್ರ ಕೊಟ್ಟರೆ ಕೆಲಸ ಕೆಡುತ್ತದೆ. ಎಲ್ಲರಿಗೂ ಗ್ಯಾರಿಬಾಲ್ಡಿಯೇ ಬೇಕು. ನಾನು ಯಾರಿಗೂ ಗ್ಯಾರಿಬಾಲ್ಡಿ ಕೊಡುವುದಿಲ್ಲ. ತರಗತಿಯನ್ನು ಖಜಾನೆಗಳಾಗಿ ಒಡೆಯುತ್ತೇನೆ: ಪೀಡ್‌ಮಾಂಟ್-ಸಾರ್ಡೀನಿಯಾ, ಆಸ್ಟ್ರಿಯಾ ಆಳುವ ಲೊಂಬಾರ್ಡಿ-ವೆನೀಷಿಯಾ, ಪಾರ್ಮಾ, ಮೊಡೆನಾ, ಟಸ್ಕನಿ, ಪೋಪನ ರಾಜ್ಯ, ನೇಪಲ್ಸ್ ರಾಜಧಾನಿಯಾಗಿದ್ದ ಎರಡು ಸಿಸಿಲಿಗಳ ರಾಜ್ಯ. ಒಬ್ಬೊಬ್ಬರಿಗೆ ಒಂದೊಂದು ನಾಣ್ಯ. ಪೀಡ್‌ಮಾಂಟಿನ ಲೀರಾ ಹುಣಸೆ ಬೀಜ, ನೇಪಲ್ಸಿನ ಡುಕಾಟ್ ಕಡಲೆ, ಪೋಪನ ಸ್ಕೂಡೊ ಅವರೆಕಾಳು, ಆಸ್ಟ್ರಿಯಾದ ಫ್ಲೊರಿನ್ ಹೊಂಗೆ ಬೀಜ. ಒಂದು ಡುಕಾಟಿಗೆ ನಾಲ್ಕೂಕಾಲು ಲೀರಾ. ಆ ಕಾಲು ಲೀರಾಕ್ಕೆ ಬೀಜ ಒಡೆಯಬೇಕೋ ಬೇಡವೋ ಎಂದು ಮೊದಲ ಹತ್ತು ನಿಮಿಷದಲ್ಲೇ ಜಗಳ ಹತ್ತುತ್ತದೆ. ಹತ್ತಲಿ ಎಂದೇ ಬಿಡುತ್ತೇನೆ. ಆಗಲೇ ಒಂದು ರೇಷ್ಮೆ ಮೂಟೆಯನ್ನು ಮಿಲಾನಿನಿಂದ ಲಿವೋರ್ನೊ ಬಂದರಿಗೆ ಕಳಿಸುತ್ತೇನೆ. 1840ರ ದಶಕದ ಲೆಕ್ಕದಲ್ಲಿ ಪಾರ್ಮಾ, ಮೊಡೆನಾ, ಟಸ್ಕನಿ ದಾಟುವ ಹೊತ್ತಿಗೆ ಪ್ರತಿ ಗಡಿಯಲ್ಲೂ ಸುಂಕ, ಪ್ರತಿ ಕಡೆಯೂ ನಾಣ್ಯ ಬದಲು. ಮೂಟೆ ಹೊತ್ತ ಹುಡುಗನ ಜೇಬು ಖಾಲಿ. ಉತ್ತರದ ವ್ಯಾಪಾರಿಗಳಿಗೆ ಒಂದೇ ದೇಶ ಯಾಕೆ ಬೇಕಿತ್ತೆಂದು ಬೋರ್ಡಿನ ಮೇಲೆ ಬರೆಯುವ ಅಗತ್ಯ ನನಗೆ ಆಮೇಲೆ ಬಿದ್ದಿಲ್ಲ.

ರಾಯಚೂರು ಕಡೆಯ ಮಕ್ಕಳಿಗೆ ಇದು ಬೇಗ ಹತ್ತಲು ಕಾರಣ ಮನೆಯಲ್ಲೇ ಇದೆ. ನಿಜಾಮರ ಹಾಲಿ ಸಿಕ್ಕಾ ರೂಪಾಯಿ 1950ರ ದಶಕದಲ್ಲೂ ನಮ್ಮಲ್ಲಿ ನಡೆಯುತ್ತಿತ್ತು. ಏಳು ಹಾಲಿ ಕೊಟ್ಟರೆ ಆರು ಕಲ್ದಾರ, ಅಂದರೆ ಉಳಿದ ಭಾರತದ ರೂಪಾಯಿ. ಒಂದು ವರ್ಷ ಮಕ್ಕಳಿಗೆ ಅಜ್ಜ ಅಜ್ಜಿಯರನ್ನು ಕೇಳಿಕೊಂಡು ಬರಲು ಹೇಳಿದೆ. ನಾಲ್ಕೈದು ಮನೆಯವರು ಹಳೆಯ ನಾಣ್ಯವನ್ನೇ ಕೊಟ್ಟು ಕಳಿಸಿದರು, ಜಗಲಿಯಲ್ಲಿ ಕೂತು ಪೂರಾ ಲೆಕ್ಕ ಹೇಳಿಕೊಟ್ಟರು. ಕರ್ನಾಟಕ ಏಕೀಕರಣಕ್ಕೂ ಇದೇ ಆಟ ಹೂಡಿ ನೋಡಿದೆ, ಅರ್ಧ ಮಾತ್ರ ನಡೆಯಿತು. ಮುಂಬೈ, ಹೈದರಾಬಾದ್, ಮದ್ರಾಸ್, ಮೈಸೂರು, ಕೊಡಗು ಎಂದು ಹಂಚಿಹೋದ ನೋವು ಮಕ್ಕಳಿಗೆ ತಟ್ಟಿತು. ಆದರೆ 1956ರಲ್ಲಿ ಒಂದು ರಾಜ್ಯ ಯುದ್ಧ ಮಾಡಿ ಉಳಿದವನ್ನು ಗೆದ್ದುಕೊಳ್ಳಲಿಲ್ಲ, ಸಂಸತ್ತಿನ ಕಾಯಿದೆಯಿಂದ ಆಯಿತು. ಖಜಾನೆ ಆಟಕ್ಕೆ ಅಲ್ಲಿ ಹಿಡಿ ಸಿಗುವುದಿಲ್ಲ. ಜರ್ಮನಿಗೆ ಚೆನ್ನಾಗಿ ಒಗ್ಗುತ್ತದೆ, ಅಲ್ಲಿ ಸುಂಕದ ಒಕ್ಕೂಟ 1834ರಲ್ಲೇ ಬಂತು, ದೇಶ 1871ರಲ್ಲಿ ಬಂತು. ಒಂದೇ ಪಿರಿಯಡ್‌ನಲ್ಲಿ ಮುಗಿಯಿತು.

ಸಾಲಕ್ಕೆ ಬರೋಣ. 1849ರಲ್ಲಿ ನೊವಾರಾದಲ್ಲಿ ಸೋತ ಪೀಡ್‌ಮಾಂಟ್ ಆಸ್ಟ್ರಿಯಾಕ್ಕೆ ಏಳೂವರೆ ಕೋಟಿ ಲೀರಾ ದಂಡ ಕಟ್ಟಬೇಕಾಯಿತು. ಮೇಲೆ ಪೀಡ್‌ಮಾಂಟಿನ ಪ್ರಧಾನಿ ಕಾವೂರ್‌ಗೆ ರೈಲು ಹಾಕಬೇಕು, ಜಿನೋವಾ ಬಂದರನ್ನು ಟ್ಯೂರಿನ್‌ಗೆ ಜೋಡಿಸಬೇಕು, 1855ರಲ್ಲಿ ಕ್ರಿಮಿಯಾಕ್ಕೆ ಸೈನ್ಯ ಕಳಿಸಬೇಕು. ಪ್ಯಾರಿಸಿನ ರಾಥ್ಸ್‌ಚೈಲ್ಡ್, ಲಂಡನ್ನಿನ ಹ್ಯಾಂಬ್ರೊ, ಬ್ರಿಟಿಷ್ ಸರ್ಕಾರ, ಎಲ್ಲ ಕಡೆಯಿಂದ ಸಾಲ. ನಾನು ಹಳದಿ ಚೀಟಿಗಳಲ್ಲಿ ಸಾಲಪತ್ರ ಬರೆದು ಪೀಡ್‌ಮಾಂಟಿನ ಹುಡುಗರ ಮುಂದೆ ಒಂದೊಂದಾಗಿ ಇಡುತ್ತ ಹೋಗುತ್ತೇನೆ. ನೇಪಲ್ಸಿನವರ ಮುಂದೆ ಚೀಟಿ ಕಡಿಮೆ, ಕಡಲೆ ಜಾಸ್ತಿ. ಆದರೆ ಅವರಲ್ಲಿ ರೈಲೂ ಕಡಿಮೆ. 1839ರಲ್ಲಿ ಇಟಲಿಯ ಮೊದಲ ರೈಲು ಓಡಿದ್ದು ನೇಪಲ್ಸ್‌ನಿಂದ ಪೋರ್ಟಿಚಿಗೆ, ನಿಜ. 1861ರ ಹೊತ್ತಿಗೆ ಸಿಸಿಲಿಯಲ್ಲಿ ಒಂದು ಮಾರು ಹಳಿಯೂ ಇರಲಿಲ್ಲ, ಅದೂ ನಿಜ. ಎರಡನ್ನೂ ಹೇಳದೆ ಬಿಟ್ಟರೆ ಪಾಠ ಒಂದು ಕಡೆಗೆ ವಾಲುತ್ತದೆ.

ಫ್ರಾನ್ಸ್ ಜೊತೆಗೂಡಿ ಪೀಡ್‌ಮಾಂಟ್ ಆಸ್ಟ್ರಿಯಾ ಮೇಲೆ ಮಾಡಿದ 1859ರ ಯುದ್ಧವನ್ನು ಬೇಗ ಮುಗಿಸುತ್ತೇನೆ. ಮಜೆಂಟಾ, ಸೊಲ್ಫೆರಿನೊ, ಆಮೇಲೆ ಜುಲೈನಲ್ಲಿ ವಿಲ್ಲಾಫ್ರಾಂಕಾದಲ್ಲಿ ಫ್ರಾನ್ಸಿನ ಮೂರನೇ ನೆಪೋಲಿಯನ್ ಮಧ್ಯದಲ್ಲೇ ಕೈಬಿಟ್ಟದ್ದು. ಕೈಗೆ ಬಂದದ್ದು ಲೊಂಬಾರ್ಡಿ. ಮುಂದಿನ ವರ್ಷ ಮಧ್ಯ ಇಟಲಿಯ ರಾಜ್ಯಗಳು ಸೇರುವಾಗ ಫ್ರಾನ್ಸ್‌ಗೆ ಸಾವೊಯ್, ನೀಸ್ ಕೊಡಬೇಕಾಯಿತು. ಇಲ್ಲಿ ತಾಡಪತ್ರಿಯ ಆ ಮೂಲೆಯನ್ನು ಸುಮ್ಮನೆ ಮಡಚಿಬಿಡುತ್ತೇನೆ. ಗ್ಯಾರಿಬಾಲ್ಡಿ ಹುಟ್ಟಿದ ಊರು ನೀಸ್ ಮಡಿಕೆಯ ಒಳಗೆ ಹೋಯಿತು ಎಂದು ಹೇಳಿ ನಿಲ್ಲಿಸುತ್ತೇನೆ. ಅವನು ಕಾವೂರ್‌ನನ್ನು ಯಾಕೆ ಕ್ಷಮಿಸಲಿಲ್ಲ ಎಂಬ ಪ್ರಶ್ನೆ ಪರೀಕ್ಷೆಯಲ್ಲಿ ಬರುವುದಿಲ್ಲ. ಬಂದರೆ ನಮ್ಮ ಮಕ್ಕಳು ಒಂದು ಪುಟ ಬರೆದಾರು.

1860ರ ಮೇ ತಿಂಗಳು ಜಿನೋವಾ ಹತ್ತಿರದ ಕ್ವಾರ್ಟೊದಿಂದ ಎರಡು ಹಡಗಿನಲ್ಲಿ ಗ್ಯಾರಿಬಾಲ್ಡಿ ಜೊತೆ ಸಾವಿರದಷ್ಟು ಜನ ಹೊರಟರು, ಸಿಸಿಲಿಯ ಮಾರ್ಸಾಲಾದಲ್ಲಿ ಇಳಿದರು. ಸೆಪ್ಟೆಂಬರ್ 7ಕ್ಕೆ ಗ್ಯಾರಿಬಾಲ್ಡಿ ನೇಪಲ್ಸ್ ಹೊಕ್ಕಿದ್ದ, ಅದೂ ರೈಲಿನಲ್ಲಿ. ಇದಕ್ಕೆ ಒಂದು ಕೆಂಪು ಟವೆಲ್ಲು ಸಾಕು, ನಕ್ಷೆಯ ಮೇಲೆ ಊರಿಂದ ಊರಿಗೆ ಸರಿಸುತ್ತ ಹೋಗುತ್ತೇನೆ. ಕಾವೂರ್ ಸುಮ್ಮನಿರಲಿಲ್ಲ, ಪೋಪನ ರಾಜ್ಯದ ಮೂಲಕ ಪೀಡ್‌ಮಾಂಟಿನ ರಾಜನ ಸೈನ್ಯ ಕಳಿಸಿದ. ಟೆಯಾನೊದಲ್ಲಿ ಗ್ಯಾರಿಬಾಲ್ಡಿ ದಕ್ಷಿಣವನ್ನು ರಾಜನಿಗೆ ಒಪ್ಪಿಸಿದ.

ನಾನು ಹೆಚ್ಚು ಹೊತ್ತು ಕೊಡುವುದು ಆ ರಾಜನ ಕೆಳಗೆ ಒಂದೇ ಇಟಲಿ ಸೇರಬೇಕೇ ಎಂದು ಜನರನ್ನು ಕೇಳಿದ ಮತದಾನಕ್ಕೆ. ಅಕ್ಟೋಬರ್ 21, 1860. ದಕ್ಷಿಣದ ಮುಖ್ಯ ನೆಲದಲ್ಲಿ ಹೌದು ಎಂದವರು ಹದಿಮೂರು ಲಕ್ಷ, ಇಲ್ಲ ಎಂದವರು ಹತ್ತು ಸಾವಿರದ ಆಸುಪಾಸು. ಸಿಸಿಲಿಯಲ್ಲಿ ಹೌದು 4,32,053, ಇಲ್ಲ ಬರೀ 667. ಮಕ್ಕಳಿಗೆ ಈ ಅಂಕಿ ಕೊಟ್ಟು ಸುಮ್ಮನಾದರೆ ಇಡೀ ದಕ್ಷಿಣ ಒಕ್ಕೊರಲಿನಿಂದ ಸೇರಿತು ಎಂದು ಬರೆಯುತ್ತಾರೆ. ಹಾಗಾಗಿ ಎರಡು ಸಲ ಮತ ಹಾಕಿಸುತ್ತೇನೆ. ನೇಪಲ್ಸ್, ಪೋಪನ ರಾಜ್ಯದ ಗುಂಪುಗಳಿಗೆ ಮೊದಲು ಮಡಚಿದ ಚೀಟಿ, ಗುಟ್ಟಾಗಿ. ಹೆಚ್ಚು ಕಮ್ಮಿ ಮೂರರಲ್ಲೊಂದು ಪಾಲು ಇಲ್ಲ ಬರುತ್ತದೆ. ಆಮೇಲೆ ಅಲ್ಲಿ ನಡೆದ ರೀತಿಯಲ್ಲೇ: ಒಂದು ಬುಟ್ಟಿಯಲ್ಲಿ ಹೌದು ಚೀಟಿ, ಇನ್ನೊಂದರಲ್ಲಿ ಇಲ್ಲ ಚೀಟಿ, ನಡುವೆ ಖಾಲಿ ಡಬ್ಬಿ. ಎಲ್ಲರೆದುರು ನಡೆದುಬಂದು, ಯಾವ ಬುಟ್ಟಿಗೆ ಕೈ ಹಾಕಿದೆ ಎಂದು ಎಲ್ಲರಿಗೂ ಕಾಣುವಂತೆ ಎತ್ತಿ ಹಾಕಬೇಕು. ಪೀಡ್‌ಮಾಂಟಿನ ಇಬ್ಬರು ಎತ್ತರದ ಹುಡುಗರನ್ನು ಡಬ್ಬಿಯ ಪಕ್ಕ ನಿಲ್ಲಿಸಿರುತ್ತೇನೆ, ಅವರು ಬಾಯಿ ಬಿಡುವುದಿಲ್ಲ. ಇಲ್ಲ ಚೀಟಿ ಬೆರಳೆಣಿಕೆಗೆ ಇಳಿಯುತ್ತದೆ. ಹೋದ ವರ್ಷ ಒಬ್ಬ ಹುಡುಗಿ ಇಲ್ಲ ಬುಟ್ಟಿಯವರೆಗೆ ಕೈ ಒಯ್ದು, ಪಕ್ಕಕ್ಕೆ ನೋಡಿ, ಕೈ ಹಿಂದೆ ತೆಗೆದಳು. ಆಮೇಲೆ ನಾನು ಅದರ ಬಗ್ಗೆ ಏನೂ ವಿವರಿಸಲಿಲ್ಲ.

ಅದರ ಬೆನ್ನಿಗೇ ಸಂಸತ್ತಿನ ಚುನಾವಣೆ. ಇಪ್ಪತ್ತೈದು ದಾಟಿದ ಗಂಡಸು, ಓದು ಬರಹ ಬಲ್ಲವನು, ವರ್ಷಕ್ಕೆ ನಲವತ್ತು ಲೀರಾ ನೇರ ತೆರಿಗೆ ಕಟ್ಟುವವನು. 1861ರಲ್ಲಿ ಎರಡು ಕಾಲು ಕೋಟಿಗೆ ಹತ್ತಿರದ ಜನಸಂಖ್ಯೆಯಲ್ಲಿ ನಾಲ್ಕು ಲಕ್ಷ ಚಿಲ್ಲರೆ ಮತದಾರರು. ನನ್ನ ತರಗತಿಯ ತೊಂಬತ್ತು ಜನರಲ್ಲಿ ಇಬ್ಬರೂ ಪೂರ್ತಿ ಆಗುವುದಿಲ್ಲ. ಒಬ್ಬ ಹುಡುಗನನ್ನು ನಿಲ್ಲಿಸಿ "ಇವನೊಬ್ಬನೇ ಸರ್ಕಾರ ಆರಿಸುವವನು" ಎನ್ನುತ್ತೇನೆ. ಹುಡುಗಿಯರ ಕಡೆಯಿಂದ ಬರುವ ಗಲಾಟೆ ಪ್ರಿನ್ಸಿಪಾಲರ ಕೋಣೆಯವರೆಗೂ ಕೇಳಿದೆ.

ಈಗ ಚೀಟಿಗಳನ್ನು ಒಟ್ಟು ಮಾಡುವ ಹೊತ್ತು. 1861ರಲ್ಲಿ ಸೇರಿದ ಎಲ್ಲ ರಾಜ್ಯಗಳ ಸಾಲವನ್ನೂ ಒಂದೇ ದೊಡ್ಡ ಪುಸ್ತಕಕ್ಕೆ ಏರಿಸಿದರು. ಒಟ್ಟು ಸಾಲದಲ್ಲಿ ಅರ್ಧಕ್ಕಿಂತ ಹೆಚ್ಚು ಪೀಡ್‌ಮಾಂಟಿನದು, ಜನಸಂಖ್ಯೆಯಲ್ಲಿ ಅದರ ಪಾಲು ಐದರಲ್ಲೊಂದರ ಹತ್ತಿರ. ಹಳದಿ ಚೀಟಿಗಳೆಲ್ಲ ನಡುವೆ ಬೀಳುತ್ತವೆ, ತಲೆಗೆ ಇಷ್ಟೆಂದು ಹಂಚುತ್ತೇವೆ. ನೇಪಲ್ಸ್ ಗುಂಪಿನ ಹುಡುಗನೊಬ್ಬ ಎದ್ದು "ಸರ, ಅವ್ರು ಮಾಡಿದ್ ಸಾಲ ನಾವ್ ಯಾಕ್ ತೀರಸ್ಬೇಕ್ರೀ?" ಎಂದ. ಅದೇ ಪ್ರಶ್ನೆಗೆ ಕಾಯುತ್ತಿದ್ದೆ. ಜೊತೆಗೆ ಪೀಡ್‌ಮಾಂಟಿನ ಕಡಿಮೆ ಸುಂಕ ದಕ್ಷಿಣಕ್ಕೂ ಬಂದು ಅಲ್ಲಿಯ ಗಿರಣಿಗಳಿಗೆ ಪೆಟ್ಟು ಬಿತ್ತು, ಸಿಸಿಲಿಯಲ್ಲಿ ಎಂದೂ ಇಲ್ಲದ ಕಡ್ಡಾಯ ಸೈನ್ಯಸೇವೆ ಬಂತು. 1861ರಿಂದ ನಾಲ್ಕೈದು ವರ್ಷ ದಕ್ಷಿಣದಲ್ಲಿ ನಡೆದ ದಂಗೆಯನ್ನು ದರೋಡೆ ಎಂದು ಕರೆದು, 1863ರಲ್ಲಿ ಅದನ್ನು ಹತ್ತಿಕ್ಕಲು ಪೀಕಾ ಕಾಯಿದೆ ತಂದು, ಲಕ್ಷದಷ್ಟು ಸೈನಿಕರನ್ನು ಇಳಿಸಿದ್ದು ಏಕೆಂದು ಮಕ್ಕಳಿಗೆ ಆಗ ತಾನಾಗಿ ತಿಳಿಯುತ್ತದೆ. ಗೈಡುಗಳಲ್ಲಿ ಈ ಭಾಗ ಎರಡು ಸಾಲೂ ಇಲ್ಲ. ನನಗೆ ಅದರ ಮೇಲೆ ಸಿಟ್ಟಿದೆ.

ಬೀಸುವ ಕಲ್ಲಿನ ಪ್ರಯೋಗ ಆಮೇಲೆ ಸೇರಿಸಿದ್ದು. 1869ರ ಜನವರಿ 1ರಿಂದ ಇಟಲಿಯಲ್ಲಿ ಹಿಟ್ಟಿನ ತೆರಿಗೆ ಜಾರಿಗೆ ಬಂತು. ಗಿರಣಿಯ ಕಲ್ಲಿಗೆ ಎಣಿಕೆಯ ಯಂತ್ರ ಕೂರಿಸಿ, ಕಲ್ಲು ಎಷ್ಟು ಸುತ್ತು ತಿರುಗಿತೋ ಅದರ ಮೇಲೆ ತೆರಿಗೆ. ಗೋಧಿಗೆ ಕ್ವಿಂಟಾಲಿಗೆ ಎರಡು ಲೀರಾ. ನಮ್ಮ ಅತ್ತೆಯವರ ಮನೆಯಿಂದ ಬೀಸುವ ಕಲ್ಲು ಹೊರಿಸಿಕೊಂಡು ಬಂದೆ, ಆಟೋಕ್ಕೆ ಇನ್ನೂರು ಕೊಟ್ಟೆ. ಜೋಳ ಹಾಕಿ ಇಬ್ಬರು ಬೀಸುವುದು, ಒಬ್ಬ ಪಕ್ಕದಲ್ಲಿ ಕೂತು ಸುತ್ತು ಎಣಿಸುವುದು, ಹತ್ತು ಸುತ್ತಿಗೆ ಒಂದು ಹುಣಸೆ ಬೀಜ ಕಿತ್ತುಕೊಳ್ಳುವುದು. ಹುಡುಗಿಯರು ತಕ್ಷಣ ನಿಧಾನ ಬೀಸಿ, ಕಾಳು ಜಾಸ್ತಿ ಹಾಕಿ ಸುತ್ತು ಉಳಿಸಲು ನೋಡಿದರು. ಹಿಟ್ಟು ನುಚ್ಚಾಯಿತು. ಆ ಚಳಿಗಾಲದ ಗಲಭೆಗಳಲ್ಲಿ ಇನ್ನೂರೈವತ್ತರಷ್ಟು ಜನ ಸತ್ತರು ಎಂದಾಗ ನುಚ್ಚು ಕೈಯಲ್ಲಿ ಹಿಡಿದವರು ಮಾತಾಡಲಿಲ್ಲ. ಕಲ್ಲನ್ನು ಯಾವ ಹಂತದಲ್ಲಿ ತರಗತಿಯೊಳಗೆ ತರಬೇಕು ಎಂಬುದರಲ್ಲಿ ಒಂದು ಗುಟ್ಟಿದೆ, ಅದನ್ನು ಬಿಟ್ಟುಕೊಡುವುದಿಲ್ಲ.

ವೆನೀಷಿಯಾ 1866ರಲ್ಲಿ ಬಂದದ್ದು ಆಸ್ಟ್ರಿಯಾ ಮೇಲೆ ಪ್ರಷ್ಯಾದ ಗೆಲುವಿನಿಂದ, ರೋಮ್ 1870ರ ಸೆಪ್ಟೆಂಬರ್ 20ರಂದು ಕೈಗೆ ಸಿಕ್ಕಿದ್ದು ಪೋಪನ ಕಾವಲಿಗಿದ್ದ ಫ್ರೆಂಚ್ ಪಡೆ ತನ್ನ ದೇಶದ ಯುದ್ಧಕ್ಕೆ ವಾಪಸ್ಸಾದ ಮೇಲೆ. ಎರಡಕ್ಕೂ ಕಾಲು ಗಂಟೆ ಸಾಕು. ನಡುವೆ ರಾಜಧಾನಿಯನ್ನು ಟ್ಯೂರಿನ್‌ನಿಂದ ಫ್ಲಾರೆನ್ಸ್‌ಗೆ ಎತ್ತುವ ನಿರ್ಧಾರ ಕೇಳಿ 1864ರಲ್ಲಿ ಟ್ಯೂರಿನ್ ಬೀದಿಗಿಳಿದದ್ದನ್ನು ಮಾತ್ರ ಬಿಡಬೇಡಿ. ಗೆದ್ದವರಿಗೂ ನಷ್ಟವಾಯಿತೆಂದು ಪೀಡ್‌ಮಾಂಟ್ ಗುಂಪಿಗೆ ಆಗಲೇ ತಿಳಿಯುವುದು.

ಎಲ್ಲ ಸೇರಿ ಐದು ಪಿರಿಯಡ್. ಹಳೆಯ ಪದ್ಧತಿಗಿಂತ ಒಂದು ಹೆಚ್ಚು. ವಾರ್ಷಿಕ ಪರೀಕ್ಷೆಯಲ್ಲಿ ಈ ಪ್ರಶ್ನೆ ಆರಿಸಿಕೊಂಡವರು ಮೊದಲು ಹತ್ತಕ್ಕೆ ನಾಲ್ಕೈದು ತೆಗೆಯುತ್ತಿದ್ದರು, ಈಗ ಏಳರ ಕೆಳಗೆ ಬರುವವರು ಕಡಿಮೆ. ಮುಖ್ಯವಾಗಿ, ಮೊದಲು ಈ ಪ್ರಶ್ನೆಯನ್ನು ಬಿಟ್ಟು ಬೇರೆಯದನ್ನು ಬರೆಯುತ್ತಿದ್ದರು. ಇಲ್ಲಿಯವರೆಗಿನ ಒಟ್ಟು ಖರ್ಚು, ಹಾಳಾದದ್ದೂ ಸೇರಿ, ಆರು ಸಾವಿರದೊಳಗೆ. ಹೊಸದಾಗಿ ಮಾಡುವವರಿಗೆ ಎರಡೂವರೆ ಸಾವಿರ ಸಾಕು, ಬೀಜಗಳು ಮನೆಯಲ್ಲೇ ಸಿಗುತ್ತವೆ.

ಈ ಸಲ ಒಬ್ಬಳು ನಕ್ಷೆಯ ಈಶಾನ್ಯ ಮೂಲೆ ತೋರಿಸಿ, ಟ್ರೆಂಟೊ, ಟ್ರಿಯೆಸ್ಟ್‌ಗಳಿಗೆ ಬಣ್ಣ ಯಾಕೆ ಹಚ್ಚಿಲ್ಲ ಎಂದು ಕೇಳಿದಳು. ಅವು ಮೊದಲ ಮಹಾಯುದ್ಧ ಮುಗಿಯುವವರೆಗೆ ಆಸ್ಟ್ರಿಯಾದ ಕೈಯಲ್ಲೇ ಇದ್ದವು. ಜೂನ್‌ಗೆ ಮೊದಲು ಅಲ್ಲೊಂದು ತುಂಡು ಹೊಲಿಸಿ ಸೇರಿಸಬೇಕು, ಹೊಲಿಯುವವರು ನೂರೈವತ್ತು ಕೇಳಿದ್ದಾರೆ. ಆ ತುಂಡಿನ ಸಾಲವನ್ನು ಯಾರ ಚೀಟಿಯಲ್ಲಿ ಬರೆಯುವುದು ಎಂದು ಈಗ ಲೆಕ್ಕ ಹಾಕುತ್ತಿದ್ದೇನೆ.