ಮಗುವನ್ನು ಶೂಟಿಂಗ್‌ಗೆ ಕಳಿಸುವ ಮೊದಲು ಇಷ್ಟು ನೋಡಿಕೊಳ್ಳಿ

ಗೋಕರ್ಣ, ಯಾಣ, ಮುರುಡೇಶ್ವರ ಅಂತ ನಮ್ಮ ಕಡೆ ಶೂಟಿಂಗ್‌ಗೆ ಬರುವವರು ಬರುತ್ತಲೇ ಇರುತ್ತಾರೆ. ಊರಿನ ಯಕ್ಷಗಾನದ ಆಟದಲ್ಲಿ ಬಾಲಗೋಪಾಲನ ವೇಷ ಕಟ್ಟಿದ ಚುರುಕು ಮಾಣಿ ಕಣ್ಣಿಗೆ ಬಿದ್ದರೆ "ಧಾರಾವಾಹಿಗೆ ಕಳಿಸ್ತೀರಾ?" ಅಂತ ಕೇಳುತ್ತಾರೆ. ನನ್ನ ತಂಗಿಯ ಮಗನಿಗೂ ಹಾಗೇ ಕರೆ ಬಂತು. ಖುಷಿಯಲ್ಲಿ ಏನೂ ಕೇಳದೆ ಹೂಂ ಅಂದುಬಿಟ್ಟೆವು. ಬೆಳಿಗ್ಗೆ ಆರಕ್ಕೆ ಹೊನ್ನಾವರದ ಹತ್ತಿರ ಸಮುದ್ರದ ದಂಡೆಗೆ ಬನ್ನಿ ಅಂದರು. ಅವನ ಸರದಿ ಬಂದಿದ್ದು ಮಧ್ಯಾಹ್ನ ಮೂರೂವರೆಗೆ. ಅಷ್ಟರಲ್ಲಿ ಮುಖದ ಬಣ್ಣ ಬೆವರಿಗೆ ಇಳಿದು, ಗಾಳಿಮರದ ನೆರಳಲ್ಲಿ ನನ್ನ ತೊಡೆಯ ಮೇಲೆ ತಲೆಯಿಟ್ಟು ನಿದ್ದೆ ಹೋಗಿದ್ದ. ಎಬ್ಬಿಸಿ ನಿಲ್ಲಿಸಿ "ನಗು ಪುಟ್ಟಾ" ಅಂದರು. ನಕ್ಕ ಪಾಪ. ಆ ಮುಖ ನಾನಿನ್ನೂ ಮರೆತಿಲ್ಲ.

ಆಮೇಲೆ ಅಮೆರಿಕದ ಟಿವಿಯ ಮೊದಲ ಕಾಲದ ಬಾಲನಟರ ಕತೆ ಹುಡುಕಿ ಓದಿದೆ. ನಮಗೆ ಬೇಕಾದ ಪಾಠ ಅಲ್ಲಿ ಬೇಕಾದಷ್ಟಿದೆ.

ಮೊದಲು ಆಡಿಷನ್. ದಯವಿಟ್ಟು ಗಿಳಿಪಾಠ ಮಾಡಿಸಬೇಡಿ. ಜೆರ್ರಿ ಮ್ಯಾಥರ್ಸ್ ಅನ್ನೋ ಹುಡುಗ 'ಲೀವ್ ಇಟ್ ಟು ಬೀವರ್' ಧಾರಾವಾಹಿಯ ಆಡಿಷನ್‌ಗೆ ಸ್ಕೌಟ್ ಸಮವಸ್ತ್ರದಲ್ಲೇ ಹೋಗಿದ್ದ. ನನಗೆ ಸ್ಕೌಟ್ ಮೀಟಿಂಗಿಗೆ ಹೋಗಬೇಕಿತ್ತು ಅಂತ ನೇರವಾಗಿ ಹೇಳಿಬಿಟ್ಟನಂತೆ. ಅದೇ ಹಿಡಿಸಿ ಪಾತ್ರ ಕೊಟ್ಟರು. 1957ರಿಂದ 1963ರವರೆಗೆ 234 ಕಂತು, ಅಂದರೆ ವರ್ಷಕ್ಕೆ 39. ಅದು ಮುಗಿದ ಮೇಲೆ ಎಲ್ಲರ ಹಾಗೆ ಹೈಸ್ಕೂಲಿಗೆ ಹೋದ. ಹಾಗಾಗಿ ಒಪ್ಪುವ ಮೊದಲೇ ಎಷ್ಟು ದಿನ, ಪರೀಕ್ಷೆ ಯಾವಾಗ ಅಂತ ಲೆಕ್ಕ ಹಾಕಿ.

ಜೊತೆಗೆ ಯಾರು ಹೋಗ್ತಾರೆ ಅನ್ನೋದು ಎಲ್ಲಕ್ಕಿಂತ ದೊಡ್ಡ ವಿಷಯ. 1959ರಲ್ಲಿ ಶುರುವಾದ 'ಡೆನ್ನಿಸ್ ದಿ ಮೆನೇಸ್' ಧಾರಾವಾಹಿಯ ಜೇ ನಾರ್ತ್ ಪರದೆ ಮೇಲೆ ತುಂಟ ಹುಡುಗ, ಊರಿಗೆಲ್ಲ ಮುದ್ದು. ಆದರೆ ಸೆಟ್‌ನಲ್ಲಿ ನೋಡಿಕೊಳ್ಳಲು ಇದ್ದ ಸಂಬಂಧಿಕರೇ, ಸಂಭಾಷಣೆ ಹೇಳೋದು ತಪ್ಪಿದರೆ ಹೊಡೆಯುತ್ತಿದ್ದರು ಅಂತ ದೊಡ್ಡವನಾದ ಮೇಲೆ ಹೇಳಿಕೊಂಡ. ರಾನ್ ಹೋವರ್ಡ್ ಕತೆ ಇದಕ್ಕೆ ತದ್ವಿರುದ್ಧ. 1960ರಲ್ಲಿ 'ದಿ ಆಂಡಿ ಗ್ರಿಫಿತ್ ಶೋ'ಗೆ ಬಂದಾಗ ಅವನಿಗೆ ಆರು ವರ್ಷ. ಸ್ವತಃ ನಟನಾಗಿದ್ದ ಅಪ್ಪ ಜೊತೆಗಿದ್ದು ಕಲಿಸಿದ. ಒಮ್ಮೆ ಮಾಣಿ "ಮಕ್ಕಳು ಹೀಗೆ ಮಾತಾಡಲ್ಲ" ಅಂದಾಗ ದೊಡ್ಡವರೆಲ್ಲ ಕೇಳಿ ಆ ಸಾಲನ್ನೇ ಬದಲಿಸಿದರು. ಮುಂದೆ ಅವನು ದೊಡ್ಡ ನಿರ್ದೇಶಕನಾದ. ಮಗುವಿನ ಮಾತು ಕೇಳುವ ಜನ ಇದ್ದಾರಾ ಅಂತ ನೋಡಿ. ಮಗು ಬೇಡ ಅಂದರೆ ಬೇಡ. ನಮ್ಮ ಕಾನೂನೂ ಅದನ್ನೇ ಹೇಳುತ್ತದೆ.

ಹೌದು, ಕಾನೂನಿದೆ. ಬಾಲಕಾರ್ಮಿಕ ಕಾನೂನಿನ 2017ರ ನಿಯಮದ ಪ್ರಕಾರ ನಿರ್ಮಾಪಕರು ಶೂಟಿಂಗ್ ನಡೆಯುವ ಜಿಲ್ಲೆಯ ಡಿಸಿ ಅನುಮತಿ ಪಡೆದಿರಬೇಕು. ನಮ್ಮಲ್ಲಾದರೆ ಕಾರವಾರದ ಡಿಸಿ ಆಫೀಸು. ದಿನಕ್ಕೆ ಐದು ಗಂಟೆಗಿಂತ ಜಾಸ್ತಿ ಕೆಲಸ ಇಲ್ಲ, ವಿಶ್ರಾಂತಿ ಇಲ್ಲದೆ ಮೂರು ಗಂಟೆ ಮೀರುವಂತಿಲ್ಲ, ಒಂದೇ ಸಮನೆ 27 ದಿನಕ್ಕಿಂತ ಹೆಚ್ಚು ಕೆಲಸ ಮಾಡಿಸುವಂತಿಲ್ಲ. ಅನುಮತಿಯ ಜೆರಾಕ್ಸ್ ಕೊಡಿ ಅಂತ ಕೇಳಿ. ನಾಚಿಕೆ ಬೇಡ. ನಾವು ಕೇಳಲಿಲ್ಲ, ಅದೇ ತಪ್ಪಾಯಿತು.

ಇನ್ನು ದುಡ್ಡು. ಜಾಕಿ ಕೂಗನ್ 1921ರಲ್ಲಿ ಚಾಪ್ಲಿನ್ ಜೊತೆ 'ದಿ ಕಿಡ್' ಸಿನಿಮಾದಲ್ಲಿ ನಟಿಸಿದ ಮಗು. ಮುಂದೆ ಲಕ್ಷಾಂತರ ಡಾಲರ್ ದುಡಿದ. ದೊಡ್ಡವನಾಗಿ ಕೇಳಿದರೆ ಅಮ್ಮ, ಮಲತಂದೆ ಸೇರಿ ಬಹುಪಾಲು ಖರ್ಚು ಮಾಡಿ ಮುಗಿಸಿದ್ದರು. 1938ರಲ್ಲಿ ಕೋರ್ಟಿಗೆ ಹೋದ. ಕೈಗೆ ಬಂದಿದ್ದು ಸುಮಾರು 1,26,000 ಡಾಲರ್ ಅಷ್ಟೇ. ಅವನಿಂದಾಗಿಯೇ 1939ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಬಾಲನಟರ ಗಳಿಕೆ ಕಾಯುವ ಕಾನೂನು ಬಂತು. ನಮ್ಮ ನಿಯಮದಲ್ಲಿ ಕನಿಷ್ಠ 20 ಶೇಕಡಾ ಹಣ ರಾಷ್ಟ್ರೀಕೃತ ಬ್ಯಾಂಕಿನಲ್ಲಿ ಮಗುವಿನ ಹೆಸರಿಗೆ ಎಫ್‌ಡಿ ಆಗಬೇಕು. ಉಳಿದಿದ್ದನ್ನೂ ಮನೆಯ ಖರ್ಚಿಗೆ ಮುಟ್ಟಬೇಡಿ ಅಂತ ನಾನು ಕೈಮುಗಿದು ಕೇಳುತ್ತೇನೆ. ಬೆವರು ಆ ಮಗುವಿನದ್ದು, ಅಲ್ವಾ? ಸಂಭಾವನೆ ಎಷ್ಟು, ಯಾವಾಗ ಅಂತ ಕಾಗದದಲ್ಲಿ ಬರೆಸಿಕೊಳ್ಳಿ. ಬಾಯಿಮಾತಿನ ದುಡ್ಡಿಗೆ ನಾವು ತಿಂಗಳುಗಟ್ಟಲೆ ಫೋನ್ ಮಾಡಬೇಕಾಯಿತು.

ಹೊರಡುವ ದಿನ ಚೀಲದಲ್ಲಿ ತೆಳ್ಳೇವಿನ ಡಬ್ಬಿ, ಮುರುಗಲ ಪಾನಕ, ಬಣ್ಣ ಒರೆಸಲು ಕೊಬ್ಬರಿ ಎಣ್ಣೆ, ಮಲಗಲು ಒಂದು ಚಾದರ ಇರಲಿ. ಕರೆದ ಹೊತ್ತು, ಬಿಟ್ಟ ಹೊತ್ತು ಎರಡನ್ನೂ ಒಂದು ಪುಸ್ತಕದಲ್ಲಿ ಬರೆದಿಡಿ. ಐದು ಗಂಟೆಯ ಕೆಲಸ ಮುಗಿದ ಕೂಡಲೇ ಎದ್ದು ಮಗುವಿನ ಕೈ ಹಿಡಿದು ಹೊರಡಿ.